ದಸ್ತಗೀರ ಸುಮ್ಮನಿದ್ದ ದಿನ

ಕಾಗವಾಡದಿಂದ ಎರಡು ಹರದಾರಿ ದೂರ, ಕೃಷ್ಣೆಯ ದಂಡೆಯ ಮೇಲೆ ಒಂದು ಜಾಕ್‌ವೆಲ್ ಇತ್ತು. ಹೊಳೆಯ ನೀರನ್ನು ಮೇಲಿನ ಕಬ್ಬಿನ ಹೊಲಗಳಿಗೆ ಎತ್ತಿ ಹಾಕುವ ಪಂಪಿನ ಮನೆಗೆ ಆ ಕಡೆಯವರು ಹಾಗೆನ್ನುತ್ತಾರೆ. ದಂಡೆಯಿಂದ ನೀರಿನ ಮೇಲೆ ಚಾಚಿದ ಒಂದು ಕಿರಿದಾದ ಸೇತುವೆ, ಅದರ ತುದಿಗೆ ಕಲ್ಲಿನ ದುಂಡು ಕೋಣೆ, ಕೋಣೆಯೊಳಗೆ ನೂರು ಅಶ್ವಶಕ್ತಿಯ ಮೂರು ಮೋಟರು. ನೀರಾವರಿ ಸೊಸೈಟಿಯವರು ಎಪ್ಪತ್ತೊಂದರಲ್ಲಿ ಅದನ್ನು ಕಟ್ಟಿಸಿದಾಗ ಒಂದೇ ದಿನ ಇಬ್ಬರನ್ನು ಆಪರೇಟರುಗಳೆಂದು ತೆಗೆದುಕೊಂಡರು. ಒಬ್ಬ ಮಗದುಮ್ಮರ ತವನಪ್ಪ, ಇನ್ನೊಬ್ಬ ಮುಲ್ಲಾರ ದಸ್ತಗೀರ. ಒಂದೇ ಊರಿನವರು, ಒಂದೇ ಶಾಲೆಯಲ್ಲಿ ಏಳನೆಯ ಇಯತ್ತೆಗೆ ಓದು ಬಿಟ್ಟವರು.

ಪಾಳಿ ಹಂಚಿಕೊಳ್ಳುವಾಗ ದಸ್ತಗೀರ ರಾತ್ರಿಯದನ್ನು ತಾನೇ ಕೇಳಿ ತೆಗೆದುಕೊಂಡ. ತವನಪ್ಪ ಜೈನರವನು, ಹೊತ್ತು ಮುಳುಗುವುದರೊಳಗೆ ಊಟ ಮುಗಿಸಬೇಕು. ಹೀಗಾಗಿ ದಸ್ತಗೀರ ಸಂಜೆ ಅರ್ಧ ತಾಸು ಮೊದಲೇ ಸೈಕಲ್ ಏರಿ ಬರುತ್ತಿದ್ದ. “ಲೇ ತವನ್ಯಾ, ಹೊತ್ತು ಇಳ್ಯಾಕತ್ತೈತಿ, ನಡಿ ಮನಿಗೆ” ಎನ್ನುತ್ತ ಒಳಗೆ ಬರುವುದು ಅವನ ರೂಢಿ. ಜಾಕ್‌ವೆಲ್ಲಿಗೆ ಅವನು ಬುತ್ತಿಯಲ್ಲಿ ಎಂದೂ ಮಾಂಸ ತಂದವನಲ್ಲ. ತರಬೇಡವೆಂದು ಯಾರೂ ಹೇಳಿರಲಿಲ್ಲ. ಹದಿನೈದು ವರ್ಷ ಇಬ್ಬರ ನಡುವೆ ಒಂದು ಒಡಕು ಮಾತು ಬಂದಿರಲಿಲ್ಲ.

ತವನಪ್ಪನಿಗೆ ತನ್ನ ಕಿವಿಯ ಬಗ್ಗೆ ಒಂದು ಜಂಬವಿತ್ತು. ಸ್ಕ್ರೂಡ್ರೈವರಿನ ತುದಿಯನ್ನು ಮೋಟರಿಗೆ ಊರಿ, ಹಿಡಿಕೆಯನ್ನು ಕಿವಿಗೆ ಒತ್ತಿಕೊಂಡು, ಕಣ್ಣು ಮುಚ್ಚಿ ಕೇಳುವನು. ಆಮೇಲೆ ಈ ಬೇರಿಂಗು ಇನ್ನು ಹದಿನೈದು ದಿನ ಬರುತ್ತದೆ, ಆ ಪಂಪಿನಲ್ಲಿ ಹಾವಸೆ ಸಿಕ್ಕಿದೆ ಎಂದು ಹೇಳುವನು. ಹೇಳಿದ್ದು ತಪ್ಪುತ್ತಿರಲಿಲ್ಲ. ಮಿರಜದಿಂದ ಬರುತ್ತಿದ್ದ ಮೇಸ್ತ್ರಿ ಕೂಡ ಮೊದಲು ಅವನನ್ನು ಕೇಳಿಯೇ ಮೋಟರು ಬಿಚ್ಚುತ್ತಿದ್ದ.

ಎಂಬತ್ತಾರರ ಸುಮಾರಿಗೆ ಜನರ ಮಾತಿನ ಧಾಟಿ ಬದಲಾಯಿತು.

ಮೊದಲು ಅವನ ಲಕ್ಷ್ಯಕ್ಕೆ ಬಂದದ್ದು ಮನೆಯಲ್ಲಿ. ಹೆಂಡತಿ ಕಮಲಾಬಾಯಿ ಒಲೆಯ ಕಡೆ ಮುಖ ಮಾಡಿ ಏನೋ ಗೊಣಗುವಳು. ಏನು ಎಂದು ಕೇಳಿದರೆ ಏನಿಲ್ಲ ಬಿಡ್ರಿ ಎನ್ನುವಳು. ಬಾವಿಯ ಹತ್ತಿರ ನೆರೆಯ ಹೆಂಗಸರು ತುಟಿ ಅಲುಗಿಸುತ್ತ ನಿಂತಿರುವರು, ಇವನು ಹಾಯ್ದು ಹೋಗುವಾಗ ಒಬ್ಬಳು ನಗುವಳು. ಬಸದಿಯಲ್ಲಿ ಪ್ರವಚನ ಹೇಳುವ ಪಂಡಿತರು ಮೊದಲಿನ ಹಾಗೆ ಬಿಚ್ಚಿ ಹೇಳುತ್ತಿಲ್ಲ ಎನ್ನಿಸತೊಡಗಿತು. ಪಕ್ಕದವನನ್ನು ಕೇಳೋಣವೆಂದರೆ ಅವನು ತಲೆದೂಗುತ್ತ ಕೂತಿರುತ್ತಿದ್ದ. ಎಲ್ಲರಿಗೂ ತಿಳಿಯುತ್ತಿರುವುದು ತನಗೊಬ್ಬನಿಗೆ ತಿಳಿಯದ ಹಾಗೆ ಇವರು ಏನು ಮಾಡುತ್ತಿದ್ದಾರೆ?

ಅದೇ ವರ್ಷ ಶೇಡಬಾಳದಲ್ಲಿ ತಂಗಿಯ ಮಗಳ ನಿಶ್ಚಯ. ಬೀಗರ ಕಡೆಯ ಹಿರಿಯರು ಏನೋ ಕೇಳಿದರು. ಪ್ರಯಾಣ ಹೇಗಾಯಿತು ಎಂದು ಕೇಳಿರಬೇಕು ಎಂದುಕೊಂಡು ತವನಪ್ಪ ಬಸ್ಸಿನಲ್ಲಿ ಬಹಳ ಗದ್ದಲವಿತ್ತು ಎಂದ. ಮಂದಿಯೆಲ್ಲ ಗೊಳ್ಳೆಂದು ನಕ್ಕರು. ಅವರು ಕೇಳಿದ್ದು ನಿಮ್ಮ ಮನೆಯಲ್ಲಿ ಹೇಗಿದ್ದಾರೆ ಎಂದು, ಅದು ಅವನಿಗೆ ತಿಳಿದದ್ದು ಎಷ್ಟೋ ದಿನದ ಮೇಲೆ. ಅಂದು ಅವನು ಊಟದ ಪಂಕ್ತಿಯಿಂದ ಅರ್ಧಕ್ಕೆ ಎದ್ದು ಬಂದ. ಮುಂದೆ ಮದುವೆ, ಮುಂಜಿ, ಪೂಜೆ ಯಾವುದಕ್ಕೂ ಹೋಗಲಿಲ್ಲ.

ಜಾಕ್‌ವೆಲ್ ಒಂದೇ ಅವನಿಗೆ ನೆಮ್ಮದಿಯ ಜಾಗವಾಯಿತು. ಮೋಟರುಗಳ ಮೊರೆತ ಎದೆಗೇ ತಾಗುತ್ತಿತ್ತು, ಅದರಲ್ಲಿ ಗುಟ್ಟಿರಲಿಲ್ಲ. ರಜೆಯ ದಿನವೂ ಅಲ್ಲಿಗೇ ಹೋಗಿ ಸೇತುವೆಯ ಮೇಲೆ ಕೂರುವನು. ದಿನಕ್ಕೆ ಹತ್ತು ತಾಸು ಹೊಳೆ, ಮೋಟರು, ಮತ್ತೆ ಹೊಳೆ. ಅಲ್ಲಿ ಕೂತು, ಊರಿನವರು ಹಿಂದಿನ ದಿನ ಯಾವ ಯಾವಾಗ ತುಟಿ ಅಲುಗಿಸಿದರು, ಯಾರು ಯಾರ ಕಡೆ ನೋಡಿದರು ಎಂಬುದನ್ನು ಒಂದಕ್ಕೊಂದು ಜೋಡಿಸುತ್ತಿದ್ದ. ಜೋಡಿಸಿದಷ್ಟೂ ಅದು ಹೊಂದುತ್ತ ಹೋಗುತ್ತಿತ್ತು.

ಎಂಬತ್ತೆಂಟರ ಮಳೆಗಾಲ ಮುಗಿಯುವ ಹೊತ್ತಿಗೆ ದಸ್ತಗೀರ ಅರ್ಧ ತಾಸಲ್ಲ, ಒಂದೂವರೆ ತಾಸು ಮೊದಲೇ ಬರತೊಡಗಿದ. ಬಂದವನು ಮೂರೂ ಮೋಟರುಗಳ ಸುತ್ತ ತಿರುಗಿ, ತವನಪ್ಪನದೇ ಸ್ಕ್ರೂಡ್ರೈವರ್ ತೆಗೆದುಕೊಂಡು ಕಿವಿಗೆ ಒತ್ತಿ ಕೇಳುವನು. ತವನಪ್ಪನಿಗೆ ಮೈ ಉರಿಯಿತು. ಹದಿನೇಳು ವರ್ಷದಲ್ಲಿ ಇಲ್ಲದ ತಪಾಸಣೆ ಈಗೇಕೆ? ಕೇಳಿದ್ದಕ್ಕೆ ದಸ್ತಗೀರ ನಕ್ಕು ಹೆಗಲ ಮೇಲೆ ಕೈಯಿಟ್ಟ, ಏನೋ ಹೇಳಿದ, ಅದು ಮೋಟರಿನ ಸದ್ದಿನಲ್ಲಿ ಹೋಯಿತು.

ಎತ್ತಿದ ನೀರು ಬಂದು ತುಂಬುವ ಮೇಲಿನ ಹೌದಿಯಿಂದ ಜಾಕ್‌ವೆಲ್ಲಿಗೆ ಒಂದು ಗಂಟೆಯ ತಂತಿ ಎಳೆದಿದ್ದರು. ಪೈಪು ಒಡೆದರೆ, ಹೌದಿ ತುಂಬಿ ಹರಿದರೆ ಮೇಲಿನವನು ಗುಂಡಿ ಒತ್ತುವನು, ಕೆಳಗೆ ಗಂಟೆ ಹೊಡೆದುಕೊಳ್ಳುವುದು, ಮೋಟರು ನಿಲ್ಲಿಸಬೇಕು. ಒಂದು ಮುಂಜಾನೆ ತವನಪ್ಪ ಕೆಲಸಕ್ಕೆ ಬಂದಾಗ ಆ ಗಂಟೆಯ ಪಕ್ಕದಲ್ಲಿ ಕೆಂಪು ಬಲ್ಬೊಂದು ಕಂಡಿತು. ತಂತಿಗೆ ಹೊಸ ಜೋಡಣೆ, ಮೇಲೆ ಕರಿಯ ಟೇಪು. ಗಂಟೆ ಬಾರಿಸಿದಾಗ ಬಲ್ಬೂ ಹತ್ತುತ್ತದೆ, ಸೊಸೈಟಿಯವರೇ ಹಾಕಿಸಿದ್ದು ಎಂದು ದಸ್ತಗೀರ ಕೈಸನ್ನೆ ಮಾಡಿ ತೋರಿಸಿದ. ತವನಪ್ಪ ಆ ವಾರವೇ ಸೊಸೈಟಿಯ ಆಫೀಸಿಗೆ ಹೋಗಿ ವಿಚಾರಿಸಿದ. ಅಂಥ ಬಲ್ಬಿನ ಸುದ್ದಿಯೇ ಅಲ್ಲಿ ಯಾರಿಗೂ ಗೊತ್ತಿರಲಿಲ್ಲ.

ಸುಳ್ಳು ಹೇಳಿದನಲ್ಲ ಎಂಬುದು ಅವನ ಎದೆಯಲ್ಲಿ ಮುಳ್ಳಿನಂತೆ ನೆಟ್ಟಿತು. ಅಂದಿನಿಂದ ಇಬ್ಬರೂ ಕುಡಿಯುತ್ತಿದ್ದ ಕೊಡದ ನೀರನ್ನು ಬಿಟ್ಟ. ಮನೆಯಿಂದ ತಂಬಿಗೆಯಲ್ಲಿ ತಾನೇ ಸೋಸಿದ ನೀರು ತರತೊಡಗಿದ. ಪಾನಾ, ಇಕ್ಕಳ ಇಡುವ ಪೆಟ್ಟಿಗೆಗೆ ಬೇರೆ ಕೀಲಿ ಹಾಕಿದ. ಮನೆಗೆ ಹೊರಡುವಾಗ ಪೆಟ್ಟಿಗೆಯ ಬಾಗಿಲಿಗೆ ಒಂದು ದಾರದೆಳೆ ಅಂಟಿಸಿ, ಮುಂಜಾನೆ ಬಂದು ಅದು ಹರಿದಿದೆಯೇ ಎಂದು ನೋಡುವನು. ಹರಿದಿರದಿದ್ದರೆ, ದಸ್ತಗೀರ ಎಳೆಯನ್ನು ಕಂಡುಹಿಡಿದು ಮತ್ತೆ ಅಂಟಿಸಿದ್ದಾನೆ ಎಂದುಕೊಳ್ಳುವನು.

ದೀಪಾವಳಿಯ ಮುಂದೆ ಒಂದು ಮಧ್ಯಾಹ್ನ ಮೈಯಲ್ಲಿ ಜ್ವರ ಬಂದಂತಾಗಿ, ಹೌದಿಯವನನ್ನು ಕೂರಿಸಿ ಮನೆಗೆ ಬಂದ. ಪಡಸಾಲೆಯ ಹೊಸ್ತಿಲ ಮೇಲೆ ದಸ್ತಗೀರ ಕೂತಿದ್ದ. ಕಮಲಾಬಾಯಿ ಕಂಬಕ್ಕೆ ಆತು ನಿಂತು ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಿದ್ದಳು. ಇವನನ್ನು ಕಂಡೊಡನೆ ಇಬ್ಬರ ಮಾತೂ ನಿಂತಿತು. ದಸ್ತಗೀರ ಎದ್ದು ಟೊಪ್ಪಿಗೆ ಸರಿಮಾಡಿಕೊಂಡು ಹೊರಟುಹೋದ.

ಏನು ಮಾತು ನಡೆದಿತ್ತು ಎಂದು ತವನಪ್ಪ ಕೇಳಿದ. ಅವಳು ಹೇಳಿದಳು, ಇವನಿಗೆ ತಿಳಿಯಲಿಲ್ಲ. ಮತ್ತೆ ಕೇಳಿದ. ಅವಳು ಹತ್ತಿರ ಬಂದು, ಅವನ ಕಿವಿಗೆ ಬೆರಳು ತೋರಿಸುತ್ತ ಗಂಟಲೆತ್ತಿ ಏನೋ ಕೂಗಿದಳು. ತನ್ನ ಮನೆಯಲ್ಲಿ, ತನ್ನ ಹೆಂಡತಿ, ತನಗೆ ಬೆರಳು ಮಾಡಿ ಒದರುತ್ತಾಳೆ. ಜನ ಮೆಲ್ಲಗೆ ಆಡಿದರೆ ಗುಟ್ಟು, ಜೋರಾಗಿ ಆಡಿದರೆ ಜಗಳ, ಅವನ ಪಾಲಿಗೆ ಮೂರನೆಯ ಬಗೆಯ ಮಾತು ಉಳಿದಿರಲಿಲ್ಲ. ಮುಂದಿದ್ದ ತಾಟನ್ನು ಒದ್ದು ಅವನು ಹಿತ್ತಲಿಗೆ ಹೋಗಿ ಮಲಗಿದ. ಅವಳು ಅದನ್ನು ಮತ್ತೆ ಹೇಳಲು ಹೋಗಲಿಲ್ಲ.

ಮರುದಿನ ಆ ಕೆಂಪು ಬಲ್ಬನ್ನು ಬಿಚ್ಚಿ ಹೊಳೆಗೆ ಎಸೆದ.

ಎಂಬತ್ತೊಂಬತ್ತರ ಫೆಬ್ರುವರಿ. ಕಬ್ಬಿಗೆ ನೀರು ಬೇಕೇ ಬೇಕಾದ ಕಾಲ. ತವನಪ್ಪ ಊಟ ಮುಗಿಸಿ ಸೇತುವೆಯ ಮೇಲೆ ಕೂತಿದ್ದ. ಹೌದಿಯ ಕಡೆಯಿಂದ ಒಬ್ಬ ಓಡಿ ಬರುತ್ತಿರುವುದು ಕಂಡಿತು, ಎರಡೂ ಕೈ ಬೀಸುತ್ತ ಏನೋ ಕೂಗುತ್ತಿದ್ದ. ತಿರುಗಿ ನೋಡಿದರೆ ಜಾಕ್‌ವೆಲ್ಲಿನ ಕಿಟಕಿಯಿಂದ ಹೊಗೆ ಬರುತ್ತಿತ್ತು. ಎರಡನೆಯ ಮೋಟರಿನ ಬೇರಿಂಗು ಕಚ್ಚಿ ಹಿಡಿದು, ಒಳಗಿನ ತಂತಿಯೆಲ್ಲ ಸುಟ್ಟು ಕರಿಯಾಗಿತ್ತು. ತವನಪ್ಪ ಮೇನ್ ಸ್ವಿಚ್ ಎಳೆಯುವಷ್ಟರಲ್ಲಿ ಅವನ ಬಲಗೈಯ ಮೂರು ಬೆರಳು ಸುಟ್ಟವು.

ಆ ಸುಟ್ಟ ಬೆರಳಿನಿಂದಲೇ ಅವನು ಮರುದಿನ ಬೇರಿಂಗು ಬಿಚ್ಚಿದ. ಗ್ರೀಸನ್ನು ಹೆಬ್ಬೆರಳಿನಿಂದ ಉಜ್ಜಿದಾಗ ಮರಳಿನ ಕಾಳು ತಾಗಿದವು. ಹೊಳೆಯ ದಂಡೆಯಲ್ಲಿ ಗಾಳಿ ಎದ್ದರೆ ಊಟದ ಬುತ್ತಿಯಲ್ಲೂ ಮರಳು ಬೀಳುತ್ತದೆ, ಅದು ಅವನಿಗೆ ಗೊತ್ತಿತ್ತು. ಆದರೆ ಅಂದು ಅವನಿಗೆ ಬೇಕಾದದ್ದು ಸಿಕ್ಕಿತ್ತು. ಎರಡು ವರ್ಷದಿಂದ ಜೋಡಿಸುತ್ತ ಬಂದದ್ದಕ್ಕೆಲ್ಲ ಒಂದು ಹೆಸರು ಸಿಕ್ಕಿತ್ತು. ಸೊಸೈಟಿಗೆ ಅರ್ಜಿ ಬರೆದ. ದಸ್ತಗೀರ ಮುಲ್ಲಾ ಎಂಬವನು ತನ್ನನ್ನು ಕೆಲಸದಿಂದ ತೆಗೆಸಬೇಕೆಂದು ಬಹುದಿನದಿಂದ ಹೊಂಚು ಹಾಕಿದ್ದಾನೆ, ಗಂಟೆಯ ತಂತಿ ಕೆಡಿಸಿದ್ದಾನೆ, ಗ್ರೀಸಿನಲ್ಲಿ ಮರಳು ಕಲಸಿದ್ದಾನೆ.

ಸಭೆ ಸೇರಿದ್ದು ಸೊಸೈಟಿಯ ಆಫೀಸಿನಲ್ಲಿ, ಒಂದು ರವಿವಾರ ಮುಂಜಾನೆ. ಚೇರಮನ್ ಭಾವುಸಾಹೇಬ ಅರ್ಜಿ ಓದಿದರು. ಕೆಂಪು ಬಲ್ಬು ಹಾಕಿದ್ದು ನೀನೇ ಏನು ಎಂದು ಕೇಳಿದಾಗ ದಸ್ತಗೀರ ಹೌದೆಂದು ತಲೆಯಾಡಿಸಿದ. ಅಷ್ಟು ತವನಪ್ಪನಿಗೆ ಕಂಡಿತು. ಆಮೇಲೆ ಭಾವುಸಾಹೇಬರು ಇನ್ನೊಂದೇನೋ ಕೇಳಿದರು. ಎಲ್ಲರೂ ದಸ್ತಗೀರನ ಕಡೆ ತಿರುಗಿದರು. ದಸ್ತಗೀರ ಮಾತ್ರ ತವನಪ್ಪನ ಮುಖ ನೋಡಿದ. ಬಹಳ ಹೊತ್ತು ನೋಡಿದ. ಮತ್ತೆ ತಲೆ ತಗ್ಗಿಸಿ ಸುಮ್ಮನೆ ಕೂತ.

ಕಳ್ಳತನದಲ್ಲಿ ಸಿಕ್ಕಿಬಿದ್ದವನು ಇನ್ನೇನು ಹೇಳಿಯಾನು ಎಂದುಕೊಂಡ ತವನಪ್ಪ. ದಸ್ತಗೀರನನ್ನು ಅಂದೇ ಕೆಲಸದಿಂದ ತೆಗೆದರು. ಊರಲ್ಲಿ ಅವನನ್ನು ಮಾತಾಡಿಸುವವರು ಕಡಿಮೆಯಾದರು. ಯುಗಾದಿಗೆ ಮೊದಲೇ ಅವನು ಹೆಂಡತಿ ಶಹಜಾದಬಿಯನ್ನೂ ಇಬ್ಬರು ಹೆಣ್ಣುಮಕ್ಕಳನ್ನೂ ಕರೆದುಕೊಂಡು ಇಚಲಕರಂಜಿಗೆ ಹೋದ. ಅಲ್ಲಿ ಮಗ್ಗದ ಶೆಡ್ಡಿನಲ್ಲಿ ಕೆಲಸ ಸಿಗುತ್ತದಂತೆ ಎಂದು ಜನ ಆಡಿಕೊಂಡರು. ಟೆಂಪೋದಲ್ಲಿ ಸಾಮಾನು ಹೇರುವುದನ್ನು ತವನಪ್ಪ ಬಸದಿಯ ಕಟ್ಟೆಯಿಂದ ನೋಡಿದ. ಎದೆ ಹಗುರಾಗಬೇಕಿತ್ತು, ಆಗಲಿಲ್ಲ.

ಅವನು ಹೋದ ಮೇಲೆ ಜನರ ಪಿಸುಮಾತು ನಿಲ್ಲುತ್ತದೆ ಎಂದು ತವನಪ್ಪ ನಂಬಿದ್ದ. ಅದು ಹೆಚ್ಚಾಯಿತು. ಹೊಸದಾಗಿ ಬಂದ ಆಪರೇಟರನೂ ತುಟಿ ಮಾತ್ರ ಅಲುಗಿಸುತ್ತಿದ್ದ. ಇವನನ್ನೂ ಅವರೇ ಕಳಿಸಿದ್ದಾರೆ ಎನ್ನಿಸಿತು. ಅವರು ಎಂದರೆ ಯಾರು ಎಂದು ಕೇಳಿದ್ದರೆ ಅವನಿಗೆ ಹೇಳಲು ಬರುತ್ತಿರಲಿಲ್ಲ.

ಆಗಸ್ಟಿನ ಒಂದು ಮುಂಜಾನೆ ಕರೆಂಟು ಇರಲಿಲ್ಲವೆಂದು ಮನೆಯಲ್ಲಿದ್ದ. ಮಗಳು ಮಂಗಲ ತನ್ನ ಗಂಡನ ಮನೆಯಿಂದ ತಾಯಿಗೆ ಹೊಸ ಕುಕ್ಕರ್ ತಂದುಕೊಟ್ಟು ಎರಡು ದಿನವಾಗಿತ್ತು. ಕಮಲಾಬಾಯಿ ಬೇಳೆ ಇಟ್ಟು ಹಿತ್ತಲಿಗೆ ಬಟ್ಟೆ ಒಣಹಾಕಲು ಹೋಗಿದ್ದಳು. ತವನಪ್ಪ ಅಡುಗೆಮನೆಯ ಗೋಡೆಗೆ ಒರಗಿ ಕೂತಿದ್ದ. ಕುಕ್ಕರಿನ ಮೇಲಿನ ಗುಂಡು ನಡುಗಿತು, ಎದ್ದಿತು, ಅದರ ಕೆಳಗಿಂದ ಬಿಳಿಯ ಉಗಿ ಮಾರುದ್ದ ಚಿಮ್ಮಿತು. ಆ ಕೂಡಲೇ ಕಮಲಾಬಾಯಿ ಒದ್ದೆ ಕೈಯಲ್ಲೇ ಹಿತ್ತಲಿಂದ ಓಡಿ ಬಂದಳು. ಉರಿ ಸಣ್ಣ ಮಾಡಿ ಮತ್ತೆ ಹೊರಗೆ ಹೋದಳು.

ಇವಳಿಗೆ ಹೇಗೆ ತಿಳಿಯಿತು? ತವನಪ್ಪ ಕುಕ್ಕರಿನ ಹತ್ತಿರ ಸರಿದು ಕೂತ. ಸ್ವಲ್ಪ ಹೊತ್ತಿಗೆ ಗುಂಡು ಮತ್ತೆ ಎದ್ದಿತು, ಉಗಿ ಅವನ ಮುಖಕ್ಕೇ ಬಂತು. ಅದರ ಬಿಸಿ ತಾಗಿತು. ಸದ್ದು ಮಾತ್ರ ಒಂದಿಷ್ಟೂ ಇರಲಿಲ್ಲ. ಸೀಟಿ ಹೊಡೆಯುತ್ತದೆ ಎಂದು ಮಂಗಲ ತಾಯಿಗೆ ಬಾಯಿ ದುಂಡಗೆ ಮಾಡಿ ತೋರಿಸಿದ್ದು ನೆನಪಾಯಿತು. ಅವನು ಕೈಯಿಂದ ಗುಂಡನ್ನು ಎತ್ತಲು ಹೋದ. ಕಮಲಾಬಾಯಿ ಒಳಗೆ ಬಂದವಳು ಅವನ ಕೈ ಹಿಡಿದು ಎಳೆದಳು.

“ಇದು ಕೂಗಿತೇನ?” ಎಂದು ಕೇಳಿದ.

ಅವಳು ಅವನ ಮುಂದೆ ನೆಲದ ಮೇಲೆ ಕೂತಳು. ಅವನ ಬಲಗಿವಿಗೆ ಬಾಯಿ ಹಚ್ಚಿ, ಒಂದೊಂದೇ ಶಬ್ದವನ್ನು ಬಿಡಿಸಿ ಹೇಳಿದಳು. “ನಿಮಗ ಕಿವಿ ಕೇಳಸೂದಿಲ್ರಿ. ಮೂರು ವರ್ಷದ ಮ್ಯಾಲಾತು.”

ಆಮೇಲೆ ಎಲ್ಲ ಹೊರಬಿತ್ತು. ಹೇಳಿ ಮುಗಿಸಲು ಅವಳಿಗೆ ಅರ್ಧ ದಿನ ಹಿಡಿಯಿತು, ಕೆಲವನ್ನು ಮಂಗಲಳ ಹಳೆಯ ಪಾಟಿಯ ಮೇಲೆ ಬರೆದು ತೋರಿಸಿದಳು. ಮೊದಲು ಕಂಡುಹಿಡಿದವನು ದಸ್ತಗೀರ. ಒಂದು ಸಂಜೆ ಅವನು ಬಂದಾಗ ಗಂಟೆ ಹೊಡೆದುಕೊಳ್ಳುತ್ತಲೇ ಇತ್ತಂತೆ, ತವನಪ್ಪ ಅದರ ಕೆಳಗೇ ಕೂತು ಬೀಡಿಯ ಕಟ್ಟಿನ ಕಾಗದ ಓದುತ್ತಿದ್ದನಂತೆ. ಕಿವಿ ಹೋಗಿದೆಯೆಂದು ಗೊತ್ತಾದರೆ ಸೊಸೈಟಿಯವರು ಮರುದಿನವೇ ಮನೆಗೆ ಕಳಿಸುತ್ತಾರೆ, ಅವನಿಗೆ ಜಾಕ್‌ವೆಲ್ ಬಿಟ್ಟು ಬೇರೆ ಏನಿದೆ, ಯಾರಿಗೂ ಹೇಳಬೇಡಿರಿ ವೈನಿ ಎಂದು ಅವನು ಆಣೆ ಹಾಕಿಸಿಕೊಂಡಿದ್ದ. ಬಲ್ಬನ್ನು ತನ್ನ ಕೈಯಿಂದ ತಂದು ಹಾಕಿದ್ದ. ಬೇರಿಂಗುಗಳನ್ನು ತಾನು ಕೇಳಿ ನೋಡಿಕೊಳ್ಳಲೆಂದೇ ಬೇಗ ಬರುತ್ತಿದ್ದ. ಮಿರಜಕ್ಕೆ ಕಿವಿಯ ಡಾಕ್ಟರರ ಹತ್ತಿರ ಹೇಗೆ ಕರೆದೊಯ್ಯುವುದು ಎಂದು ಕೇಳಲು ಅಂದು ಮಧ್ಯಾಹ್ನ ಮನೆಗೆ ಬಂದಿದ್ದ.

“ಸಭಾಕ್ಕ ಬಂದು ನೀ ಯಾಕ ಹೇಳಲಿಲ್ಲ?” ಎಂದ ತವನಪ್ಪ.

ಕಮಲಾಬಾಯಿ ಪಾಟಿಯನ್ನು ಬದಿಗಿಟ್ಟಳು. “ನಿಮ್ಮ ಕೆಲಸ ಹೋಗತೈತಿ ಅಂತ ಹೆದರಿದೆ” ಎಂದು ಅವನ ಕಿವಿಯಲ್ಲಿ ಹೇಳಿದಳು. “ಅವ ಸುಮ್ಮನಿದ್ದ. ನಾನೂ ಸುಮ್ಮನ ಕುಂತೆ.”

ಮರುದಿನ ತವನಪ್ಪ ಭಾವುಸಾಹೇಬರ ಮನೆಗೆ ಹೋದ. ಅಂದು ನೀವು ದಸ್ತಗೀರನಿಗೆ ಎರಡನೆಯದಾಗಿ ಕೇಳಿದ್ದು ಏನು ಎಂದು ವಿಚಾರಿಸಿದ. ಭಾವುಸಾಹೇಬರು ದೊಡ್ಡ ದನಿಯವರು, ಹತ್ತಿರ ಕೂತು ತುಟಿ ನೋಡಿದರೆ ತಿಳಿಯುತ್ತಿತ್ತು. “ಬೇರಿಂಗ ಹೋಗೂ ಮುಂದ ತಾಸಗಟ್ಲೆ ಚೀರತೈತಿ, ತವನಪ್ಪಗ ಯಾಕ ಕೇಳಲಿಲ್ಲ ಅಂತ ಕೇಳಿದೆ. ಅವ ನಿನ್ನ ಮಾರಿ ನೋಡಿದ, ಬಾಯಿ ಬಿಡಲಿಲ್ಲ. ಬಾಯಿ ಬಿಡಲಿಲ್ಲ ಅಂತನ ನಾವು ತಗದ್ವಿ.”

ತವನಪ್ಪ ಅಲ್ಲೇ ಕೂತು ಇನ್ನೊಂದು ಅರ್ಜಿ ಬರೆದುಕೊಟ್ಟ. ತಾನು ಕಿವುಡನೆಂದೂ, ಮೋಟರು ಸುಟ್ಟದ್ದು ತನ್ನಿಂದಲೆಂದೂ, ದಸ್ತಗೀರ ಮುಲ್ಲಾನ ಮೇಲೆ ಹೊರಿಸಿದ್ದೆಲ್ಲ ಸುಳ್ಳೆಂದೂ, ಅವನನ್ನು ಮರಳಿ ಕರೆಯಬೇಕೆಂದೂ ಬರೆದ. ಕೆಳಗೆ ತನ್ನ ರಾಜೀನಾಮೆ ಬರೆದ. ಸೊಸೈಟಿ ಎರಡನ್ನೂ ಒಪ್ಪಿತು.

ಮಿರಜದ ಡಾಕ್ಟರರು ವರ್ಷಗಟ್ಟಲೆ ಮೋಟರುಗಳ ನಡುವೆ ಕೂತದ್ದೇ ಕಾರಣ, ಹೋದದ್ದು ಮರಳಿ ಬರುವುದಿಲ್ಲ ಎಂದರು. ಕಿಸೆಯಲ್ಲಿಡುವ ಒಂದು ಯಂತ್ರ, ಅದರಿಂದ ಕಿವಿಗೆ ತಂತಿ. ಅದನ್ನು ಹಾಕಿಕೊಂಡು ಹೊರಗೆ ಬಂದಾಗ ಆಸ್ಪತ್ರೆಯ ಬಾಗಿಲಲ್ಲಿ ಗುಬ್ಬಿಗಳು ಚಿಲಿಪಿಲಿ ಎನ್ನುವುದು ಕೇಳಿತು. ತವನಪ್ಪ ಮೆಟ್ಟಿಲ ಮೇಲೆ ಕೂತುಬಿಟ್ಟ. ಕಮಲಾಬಾಯಿ ಅವನ ಅಳು ನಿಲ್ಲುವವರೆಗೆ ಪಕ್ಕದಲ್ಲಿ ನಿಂತಳು.

ಅಲ್ಲಿಂದಲೇ ಅವಳನ್ನು ಊರಿನ ಬಸ್ಸು ಹತ್ತಿಸಿ, ತಾನು ಇಚಲಕರಂಜಿಗೆ ಹೋದ. ಕೇಳುತ್ತ ಕೇಳುತ್ತ ಮಗ್ಗದ ಓಣಿ ತಲುಪಿದ. ಶಹಜಾದಬಿ ಬಾಗಿಲು ತೆರೆದಳು. ಅವನನ್ನು ನೋಡಿ, ಒಳಗೆ ಕರೆಯದೆ, ಎದುರಿನ ಶೆಡ್ಡಿನ ಕಡೆ ಕೈ ತೋರಿಸಿ ಬಾಗಿಲು ಹಾಕಿಕೊಂಡಳು. ಶೆಡ್ಡಿನಲ್ಲಿ ನಲವತ್ತು ಮಗ್ಗ ಒಟ್ಟಿಗೆ ಬಡಿಯುತ್ತಿದ್ದವು. ಕಿವಿಯ ಯಂತ್ರ ಆ ಸದ್ದಿಗೆ ಕಿರುಚತೊಡಗಿತು, ಅದನ್ನು ಕಿತ್ತು ಕಿಸೆಗೆ ಹಾಕಿಕೊಂಡ. ದಸ್ತಗೀರ ಹತ್ತಿಯ ಧೂಳಿನಲ್ಲಿ ಬಿಳಿಯಾಗಿ, ಎರಡು ಮಗ್ಗಗಳ ನಡುವೆ ನಿಂತಿದ್ದ. ತೆಳ್ಳಗಾಗಿದ್ದ. ತವನಪ್ಪನನ್ನು ಕಂಡು ಬೆಚ್ಚಲೂ ಇಲ್ಲ, ನಗಲೂ ಇಲ್ಲ. ಜೊತೆಯವನಿಗೆ ಮಗ್ಗ ಒಪ್ಪಿಸಿ ಹೊರಗೆ ಬಂದ.

ಮೂಲೆಯ ಚಹದಂಗಡಿಯಲ್ಲಿ ಕೂತರು. ತವನಪ್ಪ ಯಂತ್ರವನ್ನು ಮತ್ತೆ ಕಿವಿಗೆ ಹಾಕಿಕೊಂಡು ಎಲ್ಲ ಹೇಳಿದ, ಅರ್ಜಿಯ ನಕಲನ್ನು ಮುಂದಿಟ್ಟ. ತನ್ನ ತಪ್ಪಾಯಿತೆಂದ. “ಸೊಸೈಟಿಯವರು ಕರದಾರ. ಊರಿಗೆ ಬಾ” ಎಂದ.

ದಸ್ತಗೀರ ಕಾಗದವನ್ನು ಎರಡು ಸಲ ಓದಿ, ಮಡಿಚಿ, ಮರಳಿ ಅವನ ಕೈಗೆ ಕೊಟ್ಟ. ತವನಪ್ಪನ ಕಿವಿಯ ತಂತಿಯನ್ನು ನೋಡಿ, ಹತ್ತಿರ ಸರಿದು, ತಿಳಿಯುವಂತೆ ನಿಧಾನವಾಗಿ ಹೇಳಿದ.

“ಬರೂದಿಲ್ರಿ ತವನಪ್ಪನವರ. ಕಿವಿ ಹೋದದ್ದು ನಿಮ್ಮ ತಪ್ಪಲ್ಲ. ಅದಕ್ಕ ನಾ ಬಾಯಿ ಬಿಡಲಿಲ್ಲ. ಆದ್ರ ಕಣ್ಣು ಚಲೋ ಇದ್ದುವಲ್ರಿ ನಿಮ್ಮವು. ಹದಿನೆಂಟು ವರ್ಷ ನನ್ನ ನೋಡಿದ್ರಿ.”

ತವನಪ್ಪನಿಗೆ ಒಂದು ಶಬ್ದವೂ ತಪ್ಪದೆ ಕೇಳಿತು. ಬಹುವಚನವೂ ಕೇಳಿತು. ದಸ್ತಗೀರ ಚಹದ ದುಡ್ಡನ್ನು ತಾನೇ ಕೊಟ್ಟು, ಕಮಲಾಬಾಯಿ ವೈನಿ ಹೇಗಿದ್ದಾರೆಂದು ವಿಚಾರಿಸಿ, ಮಗ್ಗಕ್ಕೆ ಮರಳುವ ಹೊತ್ತಾಯಿತೆಂದು ಎದ್ದ.

ಮುಂದಿನ ವರ್ಷವೂ ತವನಪ್ಪ ಹೋದ. ಆಗ ಅಣ್ಣನ ದ್ರಾಕ್ಷಿಯ ತೋಟದಲ್ಲಿ ಕೆಲಸ ನೋಡಿಕೊಂಡಿದ್ದ, ಒಂದು ಬುಟ್ಟಿ ದ್ರಾಕ್ಷಿ ಹೊತ್ತುಕೊಂಡು ಹೋಗಿದ್ದ. ಶಹಜಾದಬಿ ಬುಟ್ಟಿ ಇಳಿಸಿಕೊಂಡಳು, ನೀರು ಕೊಟ್ಟಳು. ದಸ್ತಗೀರ ಮನೆಯಲ್ಲಿದ್ದ. ಹಿರಿಯ ಮಗಳ ಮದುವೆ ಗೊತ್ತಾಗಿದೆ ಎಂದ, ಬರಬೇಕು ಎನ್ನಲಿಲ್ಲ. ಮಾತಿನ ನಡುವೆ ಅವನೂ ಎರಡು ಸಲ “ಏನಂದ್ರಿ?” ಎಂದು ಕೇಳಿ ಕೈಯನ್ನು ಕಿವಿಗೆ ಆನಿಸಿದ. ಆ ಕೈಯನ್ನು ನೋಡಿ ತವನಪ್ಪ ಮಾತು ಮುಂದುವರಿಸಲಾರದೆ ಎದ್ದು ಬಂದ. ಮಗ್ಗದ ಕೆಲಸ ಬಿಡು, ಡಾಕ್ಟರರಿಗೆ ತೋರಿಸು ಎಂದು ಹೇಳಬೇಕಿತ್ತು. ಬಸ್ಸಿನಲ್ಲಿ ಕೂತ ಮೇಲೆ ಅದು ಹೊಳೆಯಿತು.

ಅದನ್ನು ಹೇಳಲೆಂದೇ ತೊಂಬತ್ತೆರಡರ ಬೇಸಿಗೆಯಲ್ಲಿ ಮೂರನೆಯ ಸಲ ಹೋದ. ಆ ಮನೆಯಲ್ಲಿ ಬೇರೆಯವರಿದ್ದರು. ಮಗ್ಗದ ಮಾಲಕರು ಬದಲಾಗಿದ್ದರು. ಮುಲ್ಲಾ ಭಿವಂಡಿಗೆ ಹೋಗಿರಬೇಕು ಎಂದು ಒಬ್ಬ ಹೇಳಿದ, ಮಾಲೇಗಾವ ಎಂದು ಇನ್ನೊಬ್ಬ. ವಿಳಾಸ ಯಾರ ಹತ್ತಿರವೂ ಇರಲಿಲ್ಲ. ಚಹದಂಗಡಿಯವನು ಮಾತ್ರ, ಹೋಗುವ ಹೊತ್ತಿಗೆ ಅವನಿಗೆ ಕೂಗಿ ಹೇಳಬೇಕಾಗುತ್ತಿತ್ತು, ಯಾರ ಜೊತೆಗೂ ಬೆರೆಯುತ್ತಿರಲಿಲ್ಲ ಎಂದು ಮರಾಠಿಯಲ್ಲಿ ಹೇಳಿದ.

ತವನಪ್ಪ ಎರಡೂ ಊರಿಗೆ, ಮಗ್ಗದವರ ಓಣಿ ಎಂದಷ್ಟೇ ವಿಳಾಸ ಬರೆದು ಒಂದೊಂದು ಕಾರ್ಡು ಹಾಕಿದ. ಕಿವಿಗೆ ಯಂತ್ರ ಸಿಗುತ್ತದೆ, ಮಿರಜಕ್ಕೆ ಬಾ, ನಾನೇ ಕರೆದೊಯ್ಯುತ್ತೇನೆ ಎಂದು ಬರೆದಿದ್ದ. ಭಿವಂಡಿಯ ಕಾರ್ಡು ಇಪ್ಪತ್ತು ದಿನಕ್ಕೆ ಮರಳಿ ಬಂತು. ಮಾಲೇಗಾವದ್ದು ಬರಲಿಲ್ಲ. ತಲುಪಿರಬಹುದು ಎನ್ನುತ್ತಾಳೆ ಕಮಲಾಬಾಯಿ. ತವನಪ್ಪ ಹೌದು ಎನ್ನುತ್ತಾನೆ, ಆದರೆ ಟಪಾಲಿನವನು ಓಣಿಗೆ ಬಂದಾಗ ಹೊರಗೆ ಹೋಗಿ ಕೇಳುವ ಧೈರ್ಯ ಅವನಿಗೆ ಆಗುವುದಿಲ್ಲ, ಅವಳನ್ನೇ ಕಳಿಸುತ್ತಾನೆ.